ಭೂಮಿಯ ಬಿಸಿಗೆ ಮೊದಲ ಲೆಕ್ಕ ಬರೆದ ಸ್ವಾಂಟೆ ಅರೇನಿಯಸ್

1894ರ ಡಿಸೆಂಬರ್ 24. ಸ್ವೀಡನ್ನಿನ ರಾಜಧಾನಿ ಸ್ಟಾಕ್‌ಹೋಮ್‌ನಲ್ಲಿ ಕ್ರಿಸ್‌ಮಸ್ ಮುನ್ನಾದಿನದ ಸಡಗರ. ಆ ಋತುವಿನಲ್ಲಿ ಅಲ್ಲಿ ಮಧ್ಯಾಹ್ನ ಮೂರು ಗಂಟೆಯಾಗುವಷ್ಟರಲ್ಲಿ ಸೂರ್ಯ ಮುಳುಗಿರುತ್ತಾನೆ. ನಗರ ಹಬ್ಬದ ದೀಪ ಹಚ್ಚುತ್ತಿದ್ದ ಆ ದಿನ, ಮೂವತ್ತೈದು ವರ್ಷದ ವಿಜ್ಞಾನಿಯೊಬ್ಬರು ಒಂದು ಲೆಕ್ಕವನ್ನು ಆರಂಭಿಸಿದರು. ಗಾಳಿಯಲ್ಲಿರುವ ಇಂಗಾಲದ ಡೈ ಆಕ್ಸೈಡ್ ಹೆಚ್ಚಿದರೆ ಅಥವಾ ತಗ್ಗಿದರೆ ಭೂಮಿಯ ತಾಪಮಾನ ಎಷ್ಟು ಬದಲಾದೀತು ಎಂಬುದೇ ಆ ಲೆಕ್ಕ. ಅದು ಮುಗಿಯಲು ಸುಮಾರು ಒಂದು ವರ್ಷ ಹಿಡಿಯಿತು. ಗಣಕಯಂತ್ರವಿಲ್ಲದ ಕಾಲದಲ್ಲಿ ಸಾವಿರ ಸಾವಿರ ಸಲ ಕೂಡಿ ಕಳೆದು ಗುಣಿಸಿ ಅವರು ಕಂಡುಕೊಂಡ ಉತ್ತರ, ಇಂದು ಜಗತ್ತಿನ ಎಲ್ಲ ಸರ್ಕಾರಗಳ ತಲೆನೋವಾಗಿರುವ ಜಾಗತಿಕ ತಾಪಮಾನ ಏರಿಕೆಯ ಮೊದಲ ಅಂಕಿ.

ಆ ವಿಜ್ಞಾನಿಯೇ ಸ್ವಾಂಟೆ ಅರೇನಿಯಸ್. ಪಿಯುಸಿಯಲ್ಲಿ ವಿಜ್ಞಾನ ಓದಿದವರಿಗೆ ಈ ಹೆಸರು ಹೊಸದಲ್ಲ. ಆಮ್ಲ, ಪ್ರತ್ಯಾಮ್ಲಗಳ ವ್ಯಾಖ್ಯೆಯಲ್ಲಿ ಒಮ್ಮೆ, ರಾಸಾಯನಿಕ ಕ್ರಿಯೆಯ ವೇಗವನ್ನು ಹೇಳುವ ಸಮೀಕರಣದಲ್ಲಿ ಮತ್ತೊಮ್ಮೆ ಅವರ ಹೆಸರನ್ನು ವಿದ್ಯಾರ್ಥಿಗಳು ಬಾಯಿಪಾಠ ಮಾಡಿರುತ್ತಾರೆ. ಪರೀಕ್ಷೆಯಲ್ಲಿ ಅಂಕ ತಂದುಕೊಡುವ ಈ ಅರೇನಿಯಸ್ಸೇ ಭೂಮಿ ಬಿಸಿಯಾಗುವ ಬಗೆಯನ್ನೂ ಲೆಕ್ಕ ಹಾಕಿದವರು ಎಂಬ ಸಂಗತಿ ಅಷ್ಟಾಗಿ ಪ್ರಚಾರದಲ್ಲಿಲ್ಲ. ತಾವು ಕಂಡುಕೊಂಡ ಉತ್ತರದಿಂದ ಅವರು ಚಿಂತೆಗೀಡಾಗಲಿಲ್ಲ, ಬದಲಿಗೆ ಸಂತೋಷಪಟ್ಟರು ಎಂಬುದು ಇನ್ನೂ ಕಡಿಮೆ ಜನರಿಗೆ ಗೊತ್ತು.

ಉಪ್ಸಾಲದ ಬಾಲಕ

ಸ್ವಾಂಟೆ ಅರೇನಿಯಸ್ ಹುಟ್ಟಿದ್ದು 1859ರ ಫೆಬ್ರುವರಿ 19ರಂದು, ಸ್ವೀಡನ್ನಿನ ವಿಶ್ವವಿದ್ಯಾಲಯ ನಗರವಾದ ಉಪ್ಸಾಲ ಸಮೀಪದ ವಿಕ್ ಎಂಬಲ್ಲಿ. ತಂದೆ ಸ್ವಾಂಟೆ ಗುಸ್ತಾಫ್ ಭೂಮಾಪಕರು. ತಾಯಿ ಕ್ಯಾರೊಲಿನಾ ಥನ್‌ಬರ್ಗ್. ಬಾಲಕ ಮೂರನೆಯ ವಯಸ್ಸಿಗೇ ಯಾರೂ ಕಲಿಸದೆ ಓದಲು ಕಲಿತನೆಂದೂ, ತಂದೆಯ ಲೆಕ್ಕದ ಪುಸ್ತಕಗಳನ್ನು ನೋಡುತ್ತಲೇ ಅಂಕಗಣಿತ ಕರಗತ ಮಾಡಿಕೊಂಡನೆಂದೂ ಅವರ ಜೀವನಚರಿತ್ರೆಗಳು ಹೇಳುತ್ತವೆ. ಅಂಕಿಗಳ ಮೇಲಿನ ಈ ಮೋಹ ಅವರನ್ನು ಕೊನೆಯವರೆಗೂ ಬಿಡಲಿಲ್ಲ. ಕಾಕತಾಳೀಯವೋ ಏನೋ, ತಾಪಮಾನವನ್ನು ನಾವೆಲ್ಲ ಅಳೆಯುವ ಸೆಲ್ಸಿಯಸ್ ಮಾಪಕವನ್ನು 1742ರಲ್ಲಿ ರೂಪಿಸಿದ ಆಂಡರ್ಸ್ ಸೆಲ್ಸಿಯಸ್ ಕೂಡ ಇದೇ ಉಪ್ಸಾಲದವರು.

ಅರೇನಿಯಸ್ ಹುಟ್ಟಿದ ವರ್ಷವೇ ಲಂಡನ್ನಿನಲ್ಲಿ ಜಾನ್ ಟಿಂಡಾಲ್ ಎಂಬ ವಿಜ್ಞಾನಿ ಮಹತ್ವದ ಪ್ರಯೋಗವೊಂದನ್ನು ನಡೆಸಿದ್ದರು. ಗಾಳಿಯ ಬಹುಪಾಲಾಗಿರುವ ಸಾರಜನಕ ಮತ್ತು ಆಮ್ಲಜನಕಗಳು ಶಾಖದ ಕಿರಣಗಳನ್ನು ತಡೆಯುವುದಿಲ್ಲ, ಆದರೆ ಅತ್ಯಲ್ಪ ಪ್ರಮಾಣದಲ್ಲಿರುವ ನೀರಾವಿ ಮತ್ತು ಇಂಗಾಲದ ಡೈ ಆಕ್ಸೈಡ್ ಅವನ್ನು ಹೀರಿಕೊಳ್ಳುತ್ತವೆ ಎಂದು ಟಿಂಡಾಲ್ ಅಳೆದು ತೋರಿಸಿದರು. ಅದಕ್ಕೂ ಮೊದಲು, 1856ರಲ್ಲಿ, ಅಮೆರಿಕದ ಯೂನಿಸ್ ಫೂಟ್ ಎಂಬ ಮಹಿಳೆ ಗಾಜಿನ ಕೊಳವೆಗಳಲ್ಲಿ ಈ ಅನಿಲವನ್ನು ತುಂಬಿ ಬಿಸಿಲಿಗಿಟ್ಟು, ಅದು ಸಾಮಾನ್ಯ ಗಾಳಿಗಿಂತ ಹೆಚ್ಚು ಬಿಸಿಯೇರುವುದನ್ನು ಗಮನಿಸಿದ್ದರು. ವಾತಾವರಣವು ಭೂಮಿಯ ಶಾಖವನ್ನು ಹಿಡಿದಿಡುತ್ತದೆ ಎಂಬ ವಿಚಾರವನ್ನು ಫ್ರಾನ್ಸಿನ ಜೋಸೆಫ್ ಫೋರಿಯರ್ 1824ರಲ್ಲಿಯೇ ಮುಂದಿಟ್ಟಿದ್ದರು. ತತ್ತ್ವ ಸಿದ್ಧವಾಗಿತ್ತು. ಎಷ್ಟು ಅನಿಲಕ್ಕೆ ಎಷ್ಟು ಡಿಗ್ರಿ ಎಂಬ ಅಂಕಿಯನ್ನು ಮಾತ್ರ ಯಾರೂ ಕೊಟ್ಟಿರಲಿಲ್ಲ.

ಕೆಳದರ್ಜೆಯ ಪ್ರಬಂಧ

ಉಪ್ಸಾಲ ವಿಶ್ವವಿದ್ಯಾಲಯದ ಪಾಠಕ್ರಮದಿಂದ ತೃಪ್ತರಾಗದ ಅರೇನಿಯಸ್ 1881ರಲ್ಲಿ ಸ್ಟಾಕ್‌ಹೋಮ್‌ಗೆ ತೆರಳಿ ಭೌತವಿಜ್ಞಾನಿ ಎರಿಕ್ ಎಡ್ಲುಂಡ್ ಅವರ ಬಳಿ ಸಂಶೋಧನೆಗೆ ತೊಡಗಿದರು. ಉಪ್ಪು ಬೆರೆಸಿದ ನೀರಿನಲ್ಲಿ ವಿದ್ಯುತ್ ಹೇಗೆ ಹರಿಯುತ್ತದೆ ಎಂಬುದು ಅವರು ಆರಿಸಿಕೊಂಡ ವಿಷಯ. ನೀರಿನಲ್ಲಿ ಕರಗಿದ ಉಪ್ಪು, ವಿದ್ಯುತ್ತನ್ನು ಹಾಯಿಸುವ ಮೊದಲೇ, ಧನ ಮತ್ತು ಋಣ ವಿದ್ಯುದಂಶವುಳ್ಳ ಕಣಗಳಾಗಿ ಒಡೆದಿರುತ್ತದೆ ಎಂಬ ನಿಲುವಿನತ್ತ ಅವರ ಪ್ರಯೋಗಗಳು ಸಾಗಿದವು. ಇಂದು ಪ್ರೌಢಶಾಲೆಯ ಮಕ್ಕಳೂ ಒಪ್ಪುವ ಈ ಮಾತು ಅಂದು ವಿಚಿತ್ರವಾಗಿ ಕಂಡಿತು.

1884ರಲ್ಲಿ ಉಪ್ಸಾಲದಲ್ಲಿ ಅವರು ಮಂಡಿಸಿದ ಡಾಕ್ಟರೇಟ್ ಪ್ರಬಂಧವನ್ನು ಪರೀಕ್ಷಕರು ಮೆಚ್ಚಲಿಲ್ಲ. ಉತ್ತೀರ್ಣರಾದರೂ ಸಿಕ್ಕಿದ್ದು ಕೆಳದರ್ಜೆ. ಆ ದರ್ಜೆಯಿಂದ ಅಧ್ಯಾಪಕ ಹುದ್ದೆಯ ಬಾಗಿಲು ಮುಚ್ಚಿದಂತೆಯೇ ಆಗಿತ್ತು. ಆದರೆ ಅರೇನಿಯಸ್ ಸುಮ್ಮನೆ ಕೂರಲಿಲ್ಲ. ಪ್ರಬಂಧದ ಪ್ರತಿಗಳನ್ನು ಯೂರೋಪಿನ ಹೆಸರಾಂತ ವಿಜ್ಞಾನಿಗಳಿಗೆ ಅಂಚೆಯಲ್ಲಿ ಕಳುಹಿಸಿದರು. ರೀಗಾ ನಗರದಲ್ಲಿದ್ದ ವಿಲ್‌ಹೆಲ್ಮ್ ಓಸ್ಟ್‌ವಾಲ್ಡ್ ಅದನ್ನು ಓದಿ, ಅದೇ ವರ್ಷ ಉಪ್ಸಾಲಕ್ಕೇ ಬಂದು ಈ ಯುವಕನನ್ನು ಭೇಟಿಯಾಗಿ ಕೆಲಸ ಕೊಡಲು ಮುಂದಾದರು. ಹೊರಗಿನವರು ಗುರುತಿಸಿದ ಮೇಲೆ ಊರಿನವರಿಗೂ ಅವರ ಬೆಲೆ ಗೊತ್ತಾಯಿತು. ಉಪ್ಸಾಲದಲ್ಲೇ ಅವರಿಗೆ ಉಪನ್ಯಾಸಕ ಸ್ಥಾನ ದೊರೆಯಿತು. ತಂದೆಯ ಅನಾರೋಗ್ಯದ ಕಾರಣ ಅರೇನಿಯಸ್ ತಕ್ಷಣ ದೇಶ ಬಿಡಲಿಲ್ಲ. 1885ರಲ್ಲಿ ತಂದೆ ತೀರಿಕೊಂಡರು.

ಬಳಿಕ ಪ್ರವಾಸ ವೇತನ ಪಡೆದು ಅವರು ರೀಗಾ, ವುರ್ಟ್ಸ್‌ಬರ್ಗ್, ಗ್ರಾಜ್, ಆಮ್‌ಸ್ಟರ್‌ಡಾಮ್ ಪ್ರಯೋಗಾಲಯಗಳನ್ನು ಸುತ್ತಿದರು. 1887ರಲ್ಲಿ ತಮ್ಮ ಸಿದ್ಧಾಂತಕ್ಕೆ ಪೂರ್ಣರೂಪ ಕೊಟ್ಟರು. 1889ರಲ್ಲಿ ರಾಸಾಯನಿಕ ಕ್ರಿಯೆಯ ವೇಗಕ್ಕೂ ತಾಪಮಾನಕ್ಕೂ ಇರುವ ನಂಟಿನ ಸೂತ್ರವನ್ನು ವಿವರಿಸಿದರು. 1891ರಲ್ಲಿ ಸ್ಟಾಕ್‌ಹೋಮ್ ಹೋಗ್‌ಸ್ಕೋಲಾ ಎಂಬ ಉನ್ನತ ಶಿಕ್ಷಣ ಸಂಸ್ಥೆಗೆ ಅಧ್ಯಾಪಕರಾಗಿ ಸೇರಿ, 1895ರಲ್ಲಿ ಪ್ರಾಧ್ಯಾಪಕರಾದರು. ಮುಂದೆ ಇದೇ ಸಂಸ್ಥೆ ಸ್ಟಾಕ್‌ಹೋಮ್ ವಿಶ್ವವಿದ್ಯಾಲಯವಾಯಿತು.

ಹಿಮಯುಗದ ಒಗಟು

ಅರೇನಿಯಸ್ ಇಂಗಾಲದ ಲೆಕ್ಕಕ್ಕೆ ಕೈಹಾಕಿದ್ದು ಭೂಮಿ ಬಿಸಿಯಾಗುವ ಭಯದಿಂದಲ್ಲ. ಅಂದಿನ ಸ್ಟಾಕ್‌ಹೋಮ್ ವಿಜ್ಞಾನಿಗಳನ್ನು ಕಾಡುತ್ತಿದ್ದುದು ಹಿಮಯುಗದ ಪ್ರಶ್ನೆ. ಒಂದು ಕಾಲದಲ್ಲಿ ಉತ್ತರ ಯೂರೋಪ್ ಪೂರ್ತಿಯಾಗಿ ದಪ್ಪ ಹಿಮದ ಹಾಸಿನಡಿ ಮುಚ್ಚಿಹೋಗಿತ್ತು ಎಂಬುದಕ್ಕೆ ಸ್ವೀಡನ್ನಿನ ಬಂಡೆಗಳ ಮೇಲೆ ಗೀರುಗಳೇ ಸಾಕ್ಷಿಯಾಗಿದ್ದವು. ಅಷ್ಟೊಂದು ಚಳಿ ಏಕೆ ಬಂತು, ಮತ್ತೆ ಏಕೆ ಹೋಯಿತು? ಅರೇನಿಯಸ್ ಮತ್ತು ಗೆಳೆಯರು ಕಟ್ಟಿಕೊಂಡಿದ್ದ ಸ್ಟಾಕ್‌ಹೋಮ್ ಭೌತವಿಜ್ಞಾನ ಸಂಘದಲ್ಲಿ ಈ ಬಗ್ಗೆ ಬಿರುಸಿನ ಚರ್ಚೆ ನಡೆಯುತ್ತಿತ್ತು.

ಸಂಸ್ಥೆಯ ಸಹೋದ್ಯೋಗಿ, ಭೂವಿಜ್ಞಾನಿ ಆರ್ವಿಡ್ ಹೊಗ್‌ಬೋಮ್ ಇಂಗಾಲದ ಸಂಚಾರವನ್ನು ಅಧ್ಯಯನ ಮಾಡುತ್ತಿದ್ದರು. ಜ್ವಾಲಾಮುಖಿಗಳು ಉಗುಳುವ, ಬಂಡೆಗಳು ಸವೆಯುತ್ತಾ ಹೀರುವ, ಸಾಗರ ನುಂಗುವ ಇಂಗಾಲದ ಜಮಾಖರ್ಚನ್ನು ಅವರು ಬರೆದಿದ್ದರು. ಆ ಲೆಕ್ಕದಲ್ಲಿ ಮನುಷ್ಯನ ಪಾಲನ್ನೂ ಸೇರಿಸಿದ್ದು ಅವರ ಹೆಚ್ಚುಗಾರಿಕೆ. ಆಗ ಜಗತ್ತಿನಲ್ಲಿ ವರ್ಷಕ್ಕೆ ಸುಮಾರು 50 ಕೋಟಿ ಟನ್ ಕಲ್ಲಿದ್ದಲು ಉರಿಯುತ್ತಿತ್ತು. ಅದರಿಂದ ಹೊರಬೀಳುವ ಇಂಗಾಲದ ಡೈ ಆಕ್ಸೈಡ್, ವಾತಾವರಣದಲ್ಲಿ ಆಗಲೇ ಇರುವುದರ ಸಾವಿರದಲ್ಲೊಂದು ಪಾಲು ಎಂದು ಹೊಗ್‌ಬೋಮ್ ಅಂದಾಜಿಸಿದರು. ಹಿಮಯುಗಕ್ಕೆ ಕಾರಣ ಹುಡುಕಲು ಹೊರಟ ಅರೇನಿಯಸ್ ಅವರ ಕೈಗೆ ಕಾರ್ಖಾನೆ ಚಿಮಣಿಯ ಹೊಗೆಯ ಅಂಕಿಯೂ ಸಿಕ್ಕಿದ್ದು ಹೀಗೆ.

ಅವರ ಸ್ವಂತ ಬದುಕು ಆ ದಿನಗಳಲ್ಲಿ ನೆಮ್ಮದಿಯಾಗಿರಲಿಲ್ಲ. 1894ರಲ್ಲಿ ಅವರು ತಮ್ಮ ಶಿಷ್ಯೆ ಸೋಫಿಯಾ ರುಡ್‌ಬೆಕ್ ಅವರನ್ನು ವಿವಾಹವಾಗಿದ್ದರು. ದಾಂಪತ್ಯ ಬಹುಕಾಲ ಬಾಳಲಿಲ್ಲ. 1895ರ ನವೆಂಬರ್‌ನಲ್ಲಿ ಮಗ ಓಲೊಫ್ ಹುಟ್ಟಿದ. ಮರುವರ್ಷ ವಿಚ್ಛೇದನವಾಯಿತು. ಮನೆಯಲ್ಲಿ ಸಂಸಾರ ಮುರಿಯುತ್ತಿದ್ದ ಆ ತಿಂಗಳುಗಳಲ್ಲೇ ಮೇಜಿನ ಮೇಲೆ ಲೆಕ್ಕದ ಹಾಳೆಗಳು ಬೆಳೆಯುತ್ತಿದ್ದವು.

ಒಂದು ವರ್ಷದ ಲೆಕ್ಕ

ಲೆಕ್ಕದ ಮೂಲತತ್ತ್ವ ಸರಳ. ಸೂರ್ಯನ ಬೆಳಕು ಗಾಳಿಯನ್ನು ಹಾದು ನೆಲವನ್ನು ಮುಟ್ಟುತ್ತದೆ. ಬಿಸಿಯಾದ ನೆಲ ಕಣ್ಣಿಗೆ ಕಾಣದ ಶಾಖದ ಕಿರಣಗಳನ್ನು ಮೇಲಕ್ಕೆ ಕಳುಹಿಸುತ್ತದೆ. ಅವುಗಳಲ್ಲಿ ಒಂದಷ್ಟನ್ನು ನೀರಾವಿ ಮತ್ತು ಇಂಗಾಲದ ಡೈ ಆಕ್ಸೈಡ್ ಹೀರಿ, ಒಂದು ಪಾಲನ್ನು ಮತ್ತೆ ನೆಲದತ್ತ ಮರಳಿಸುತ್ತವೆ. ಈ ಹೊದಿಕೆ ಇಲ್ಲದಿದ್ದರೆ ಭೂಮಿಯ ಸರಾಸರಿ ತಾಪಮಾನ ಶೂನ್ಯಕ್ಕಿಂತ ಸುಮಾರು 18 ಡಿಗ್ರಿ ಸೆಲ್ಸಿಯಸ್ ಕೆಳಗೆ ಇರುತ್ತಿತ್ತು ಎಂಬುದು ಇಂದಿನ ವಿಜ್ಞಾನದ ಲೆಕ್ಕ. ಹೊದಿಕೆ ದಪ್ಪವಾದಷ್ಟೂ ಒಳಗಿನ ಬಿಸಿ ಹೆಚ್ಚುತ್ತದೆ.

ಆದರೆ ಯಾವ ಅನಿಲ ಎಷ್ಟು ಶಾಖವನ್ನು ತಡೆಯುತ್ತದೆ ಎಂಬುದನ್ನು ತಿಳಿಯಲು ಅಳತೆ ಬೇಕಲ್ಲ? ಅಮೆರಿಕದ ಖಗೋಳವಿಜ್ಞಾನಿ ಸ್ಯಾಮ್ಯುಯಲ್ ಲ್ಯಾಂಗ್ಲಿ ಚಂದ್ರನ ಮೇಲ್ಮೈ ಎಷ್ಟು ಬಿಸಿ ಎಂಬುದನ್ನು ತಿಳಿಯಲು, ಅಲ್ಲಿಂದ ಬರುವ ಶಾಖದ ಕಿರಣಗಳನ್ನು ಸೂಕ್ಷ್ಮ ಉಪಕರಣದಿಂದ ಅಳೆದಿದ್ದರು. ಚಂದ್ರ ನೆತ್ತಿಯ ಮೇಲಿದ್ದಾಗ ಕಿರಣ ಕಡಿಮೆ ಗಾಳಿಯನ್ನು ಹಾಯುತ್ತದೆ, ದಿಗಂತದ ಬಳಿ ಇದ್ದಾಗ ಹೆಚ್ಚು ಗಾಳಿಯನ್ನು ಹಾಯುತ್ತದೆ. ಈ ಎರಡರ ವ್ಯತ್ಯಾಸದಲ್ಲಿ ನಡುವಿನ ಅನಿಲಗಳು ಹೀರಿದ ಪಾಲು ಅಡಗಿದೆ ಎಂಬುದನ್ನು ಅರೇನಿಯಸ್ ಗ್ರಹಿಸಿದರು. ಬೇರೊಬ್ಬರು ಬೇರೊಂದು ಉದ್ದೇಶಕ್ಕೆ ಮಾಡಿದ ಅಳತೆಯಿಂದ ಅವರು ತಮಗೆ ಬೇಕಾದುದನ್ನು ಹಿಂಡಿ ತೆಗೆದರು.

ಬಳಿಕ ಭೂಗೋಳವನ್ನು ಅಕ್ಷಾಂಶದ ಪಟ್ಟಿಗಳಾಗಿ ವಿಭಾಗಿಸಿ, ಪ್ರತಿ ಪಟ್ಟಿಗೆ, ಪ್ರತಿ ಋತುವಿಗೆ ಬೇರೆ ಬೇರೆ ಲೆಕ್ಕ ಹಾಕಿದರು. ಗಾಳಿ ಬಿಸಿಯಾದರೆ ಅದರಲ್ಲಿ ನೀರಾವಿಯೂ ಹೆಚ್ಚುತ್ತದೆ, ಆ ನೀರಾವಿ ಮತ್ತಷ್ಟು ಶಾಖವನ್ನು ಹಿಡಿಯುತ್ತದೆ ಎಂಬುದನ್ನು ಅವರು ಬಿಡದೆ ಸೇರಿಸಿದರು. ಇಂದಿನ ಹವಾಮಾನ ಮಾದರಿಗಳಲ್ಲೂ ಈ ಅಂಶಕ್ಕೆ ಪ್ರಮುಖ ಸ್ಥಾನವಿದೆ.

1895ರ ಡಿಸೆಂಬರ್‌ನಲ್ಲಿ ಸ್ವೀಡನ್ನಿನ ವಿಜ್ಞಾನ ಅಕಾಡೆಮಿಯ ಮುಂದೆ ಮಂಡಿಸಿದ ಈ ಪ್ರಬಂಧ, 1896ರ ಏಪ್ರಿಲ್‌ನಲ್ಲಿ ಇಂಗ್ಲೆಂಡಿನ ‘ಫಿಲಸಾಫಿಕಲ್ ಮ್ಯಾಗಜೀನ್’ ಪತ್ರಿಕೆಯಲ್ಲಿ ಪ್ರಕಟವಾಯಿತು. ಇಂಗಾಲದ ಡೈ ಆಕ್ಸೈಡ್ ಅರ್ಧದಷ್ಟಕ್ಕೆ ಸಮೀಪ ತಗ್ಗಿದರೆ ತಾಪಮಾನ 4ರಿಂದ 5 ಡಿಗ್ರಿ ಇಳಿದು ಹಿಮಯುಗ ಬರಬಹುದು, ಎರಡು ಪಟ್ಟಾದರೆ 5ರಿಂದ 6 ಡಿಗ್ರಿ ಏರಬಹುದು ಎಂಬುದು ಅದರ ಸಾರಾಂಶ. ಅನಿಲ ಗುಣಾಕಾರದಲ್ಲಿ ಹೆಚ್ಚಿದರೆ ತಾಪಮಾನ ಸಂಕಲನದಲ್ಲಿ ಹೆಚ್ಚುತ್ತದೆ ಎಂಬ ನಿಯಮವನ್ನೂ ಅವರು ಗುರುತಿಸಿದರು. ಧ್ರುವಗಳ ಕಡೆಗೆ ಹೆಚ್ಚು ಬಿಸಿ, ಸಾಗರಕ್ಕಿಂತ ನೆಲದ ಮೇಲೆ ಹೆಚ್ಚು ಬಿಸಿ, ಹಗಲು ಇರುಳಿನ ತಾಪದ ಅಂತರದಲ್ಲಿ ಇಳಿಕೆ ಎಂಬುದನ್ನೂ ಅವರ ಲೆಕ್ಕ ತೋರಿಸಿತ್ತು.

ಚಳಿನಾಡಿನ ಸಮಾಧಾನ

ಇಷ್ಟೆಲ್ಲ ಕಂಡ ಅರೇನಿಯಸ್ ಎಚ್ಚರಿಕೆಯ ಗಂಟೆ ಬಾರಿಸಿದರೇ? ಇಲ್ಲ. ಅಂದಿನ ವೇಗದಲ್ಲಿ ಕಲ್ಲಿದ್ದಲು ಉರಿದರೆ ವಾತಾವರಣದಲ್ಲಿ ಗಣನೀಯ ಬದಲಾವಣೆಯಾಗಲು ಸಾವಿರಾರು ವರ್ಷಗಳೇ ಬೇಕು ಎಂದು ಅವರು ಮೊದಲು ಭಾವಿಸಿದ್ದರು. ಉರಿದು ಹೊರಬಂದ ಇಂಗಾಲದ ಆರರಲ್ಲಿ ಐದು ಪಾಲನ್ನು ಸಾಗರ ಹೀರಿಕೊಳ್ಳುತ್ತದೆ ಎಂಬ ಅಂದಾಜು ಆ ನಂಬಿಕೆಗೆ ಒತ್ತಾಸೆಯಾಗಿತ್ತು.

1906ರಲ್ಲಿ ಸ್ವೀಡಿಷ್ ಭಾಷೆಯಲ್ಲಿಯೂ 1908ರಲ್ಲಿ ಇಂಗ್ಲಿಷಿನಲ್ಲಿಯೂ ಪ್ರಕಟವಾದ ಜನಪ್ರಿಯ ವಿಜ್ಞಾನ ಗ್ರಂಥದಲ್ಲಿ ಅವರು ಮತ್ತೆ ಈ ವಿಷಯಕ್ಕೆ ಬಂದರು. ಅಷ್ಟರಲ್ಲಿ ಜಗತ್ತಿನ ಕಲ್ಲಿದ್ದಲು ಬಳಕೆ ವರ್ಷಕ್ಕೆ 90 ಕೋಟಿ ಟನ್ ಸಮೀಪಿಸಿತ್ತು. ಸಾವಿರಾರು ವರ್ಷಗಳ ಲೆಕ್ಕವನ್ನು ತಿದ್ದಿ, ಕೆಲವು ಶತಮಾನಗಳಲ್ಲೇ ವ್ಯತ್ಯಾಸ ಕಾಣಬಹುದೆಂದು ಬರೆದರು. ಅನಿಲ ಎರಡು ಪಟ್ಟಾದರೆ ಏರಿಕೆ 4 ಡಿಗ್ರಿ ಎಂದು ಅಂಕಿಯನ್ನೂ ಪರಿಷ್ಕರಿಸಿದರು. ಆದರೂ ಅವರ ಧ್ವನಿಯಲ್ಲಿ ಆತಂಕವಿರಲಿಲ್ಲ. ಬಿಸಿ ಹೆಚ್ಚಿದರೆ ಚಳಿದೇಶಗಳ ಹವೆ ಹಿತಕರವಾದೀತು, ಬೆಳೆ ಸಮೃದ್ಧವಾದೀತು, ಹೆಚ್ಚುತ್ತಿರುವ ಜನಸಂಖ್ಯೆಗೆ ಅನ್ನ ದೊರೆತೀತು, ಮತ್ತೊಂದು ಹಿಮಯುಗದ ಭೀತಿಯೂ ತಪ್ಪೀತು ಎಂಬುದು ಅವರ ಎಣಿಕೆ. ಅವರ ಗೆಳೆಯ, ಹವಾಮಾನ ತಜ್ಞ ನಿಲ್ಸ್ ಎಕ್‌ಹೋಮ್ ಇನ್ನೂ ಮುಂದೆ ಹೋಗಿ, ಮನುಷ್ಯನು ಬೇಕೆಂದೇ ಇಂಗಾಲವನ್ನು ಹೆಚ್ಚಿಸಿ ಹವೆಯನ್ನು ತನಗೆ ಬೇಕಾದಂತೆ ನಿಯಂತ್ರಿಸಬಹುದೆಂದು ಆಲೋಚಿಸಿದ್ದರು.

ಇಂದು ಓದುವಾಗ ವಿಚಿತ್ರವೆನಿಸುವ ಈ ಆಲೋಚನೆಯನ್ನು ಅದರ ನೆಲೆಯಲ್ಲಿಟ್ಟು ನೋಡಬೇಕು. ಆರು ತಿಂಗಳು ಹಿಮ ಮತ್ತು ಕತ್ತಲೆಯಲ್ಲಿ ಕಳೆಯುವ ನಾಡು ಅದು. 1860ರ ದಶಕದ ಕೊನೆಯಲ್ಲಿ, ಅರೇನಿಯಸ್ ಬಾಲಕನಾಗಿದ್ದಾಗ, ಸ್ವೀಡನ್ನಿನಲ್ಲಿ ಬೆಳೆ ಕೈಕೊಟ್ಟು ಕ್ಷಾಮ ಬಂದಿತ್ತು. ಅಂಥವರಿಗೆ ಬೆಚ್ಚಗಿನ ಗಾಳಿ ವರವಾಗಿ ಕಂಡಿದ್ದರಲ್ಲಿ ಆಶ್ಚರ್ಯವಿಲ್ಲ. ಆದರೆ ಈಗಾಗಲೇ ಬಿಸಿಲಿನಲ್ಲಿ ಬೇಯುತ್ತಿರುವ ದೇಶಗಳ ಗತಿ ಏನು, ಕಡಲ ದಂಡೆಯ ಊರುಗಳ ಪಾಡೇನು ಎಂಬ ಪ್ರಶ್ನೆಗಳಿಗೆ ಅವರ ಆಶಾವಾದದಲ್ಲಿ ಜಾಗವಿರಲಿಲ್ಲ.

ಮೂಲೆಗೆ ಸರಿದ ಸಿದ್ಧಾಂತ

ಸಂತೋಷಪಡಲು ಕಾರಣವಿದ್ದ ಆ ಲೆಕ್ಕವನ್ನೂ ಸಹ ವಿಜ್ಞಾನಿಗಳು ಬಹುಕಾಲ ಒಪ್ಪಲಿಲ್ಲ. 1900ರಲ್ಲಿ ಉಪ್ಸಾಲದ ಭೌತವಿಜ್ಞಾನಿ ಕ್ನುಟ್ ಓಂಗ್‌ಸ್ಟ್ರೋಮ್ ಕೊಳವೆಯೊಂದರಲ್ಲಿ ಇಂಗಾಲದ ಡೈ ಆಕ್ಸೈಡ್ ತುಂಬಿ ಶಾಖದ ಕಿರಣಗಳನ್ನು ಹಾಯಿಸಿದ ಪ್ರಯೋಗವನ್ನು ಮುಂದಿಟ್ಟರು. ಅನಿಲದ ಪ್ರಮಾಣವನ್ನು ತಗ್ಗಿಸಿದರೂ ಹೀರುವಿಕೆಯಲ್ಲಿ ಹೆಚ್ಚು ವ್ಯತ್ಯಾಸ ಕಾಣಲಿಲ್ಲ. ಇರುವ ಅನಿಲವೇ ತಡೆಯಬಹುದಾದ ಶಾಖವನ್ನೆಲ್ಲ ತಡೆಯುತ್ತಿದೆ, ಇನ್ನಷ್ಟು ಸೇರಿಸಿ ಫಲವೇನು ಎಂಬ ವಾದ ಬಲ ಪಡೆಯಿತು.

ವಾದದಲ್ಲಿ ದೋಷವಿತ್ತು. ವಾತಾವರಣವೆಂದರೆ ಒಂದು ಕೊಳವೆಯಲ್ಲ, ಒಂದರ ಮೇಲೊಂದು ಹೊದಿಸಿದ ಪದರಗಳ ರಾಶಿ. ಶಾಖ ಕೊನೆಗೆ ಬಾಹ್ಯಾಕಾಶಕ್ಕೆ ಪಾರಾಗುವುದು ಮೇಲಿನ ತೆಳುವಾದ, ಒಣಗಾಳಿಯ ಪದರಗಳಿಂದ. ಅಲ್ಲಿ ಇಂಗಾಲ ಹೆಚ್ಚಿದಂತೆ ಶಾಖ ಪಾರಾಗುವ ಎತ್ತರವೂ ಏರುತ್ತದೆ. ಅಲ್ಲಿನ ಗಾಳಿ ಇನ್ನೂ ತಣ್ಣಗಿರುವುದರಿಂದ ಹೊರಹೋಗುವ ಶಾಖ ತಗ್ಗುತ್ತದೆ, ಕೆಳಗಿನ ನೆಲ ಬಿಸಿಯಾಗುತ್ತದೆ. ಇದು ಸಂದೇಹಕ್ಕೆಡೆಯಿಲ್ಲದಂತೆ ಸ್ಥಾಪಿತವಾಗಲು ಅರ್ಧ ಶತಮಾನವೇ ಬೇಕಾಯಿತು. ಅಷ್ಟು ಕಾಲವೂ ಚಿಮಣಿಗಳು ಉರಿಯುತ್ತಲೇ ಇದ್ದವು.

ಅರೇನಿಯಸ್ ಅಷ್ಟರಲ್ಲಿ ಕೀರ್ತಿಯ ಶಿಖರವೇರಿದ್ದರು. ವಿದ್ಯುತ್ ಕಣಗಳ ಸಿದ್ಧಾಂತಕ್ಕಾಗಿ 1903ರ ರಸಾಯನವಿಜ್ಞಾನ ನೊಬೆಲ್ ಪ್ರಶಸ್ತಿ ಅವರಿಗೆ ಸಂದಿತು. ಈ ಪ್ರಶಸ್ತಿ ಪಡೆದ ಮೊದಲ ಸ್ವೀಡನ್ನಿಗರು ಅವರೇ. ಒಮ್ಮೆ ಕೆಳದರ್ಜೆ ಪಡೆದಿದ್ದ ಅದೇ ಪ್ರಬಂಧದ ಬೀಜದಿಂದ ಬೆಳೆದ ಫಲವಿದು. 1905ರಲ್ಲಿ ಸ್ಟಾಕ್‌ಹೋಮ್‌ನ ಹೊಸ ನೊಬೆಲ್ ಭೌತ ರಸಾಯನವಿಜ್ಞಾನ ಸಂಸ್ಥೆಗೆ ನಿರ್ದೇಶಕರಾದರು. ಅದೇ ವರ್ಷ ಮರಿಯಾ ಯೋಹಾನ್ಸನ್ ಅವರನ್ನು ವಿವಾಹವಾಗಿ ಮತ್ತೆ ಸಂಸಾರ ಕಟ್ಟಿದರು. ಧ್ರುವಪ್ರಭೆ, ರೋಗನಿರೋಧಕ ರಸಾಯನಶಾಸ್ತ್ರ, ಜೀವಬೀಜಗಳು ಬಾಹ್ಯಾಕಾಶದಲ್ಲಿ ಸಂಚರಿಸುವ ಕಲ್ಪನೆ, ಹೀಗೆ ಅವರ ಆಸಕ್ತಿ ಹತ್ತು ದಿಕ್ಕಿಗೆ ಹರಡಿತ್ತು.

ಅವರ ಬದುಕಿನಲ್ಲಿ ಕಪ್ಪು ಚುಕ್ಕೆಗಳೂ ಇದ್ದವು. 1909ರಲ್ಲಿ ಸ್ಥಾಪನೆಯಾದ ಸ್ವೀಡನ್ನಿನ ಜನಾಂಗ ಶುದ್ಧಿ ಸಂಘದಲ್ಲಿ ಅವರು ಸದಸ್ಯರಾಗಿದ್ದರು. ಅಂಕಿಗಳನ್ನು ಅಷ್ಟು ನಿಖರವಾಗಿ ಓದಬಲ್ಲ ಬುದ್ಧಿಯೂ ತನ್ನ ಕಾಲದ ಪೂರ್ವಗ್ರಹಗಳಿಂದ ಪಾರಾಗಲಿಲ್ಲ ಎಂಬುದನ್ನು ಮುಚ್ಚಿಡಬೇಕಾಗಿಲ್ಲ. ಮೊದಲ ಮಹಾಯುದ್ಧದ ನಂತರ ಬರೆದ ಪುಸ್ತಕವೊಂದರಲ್ಲಿ ಅವರು ಕಲ್ಲಿದ್ದಲು, ಎಣ್ಣೆ, ಲೋಹಗಳು ಮುಗಿದುಹೋಗುವ ಸಂಪತ್ತೆಂದೂ, ಅವನ್ನು ಮನಬಂದಂತೆ ದುಂದುಮಾಡಬಾರದೆಂದೂ, ಸೂರ್ಯನ ಮತ್ತು ನೀರಿನ ಶಕ್ತಿಯತ್ತ ಮುಖಮಾಡಬೇಕೆಂದೂ ವಾದಿಸಿದರು. ಅಲ್ಲಿಯೂ ಅವರಿಗಿದ್ದ ಚಿಂತೆ ಇಂಧನ ಬರಿದಾಗುವುದರ ಬಗ್ಗೆ, ಭೂಮಿ ಬಿಸಿಯಾಗುವುದರ ಬಗ್ಗೆ ಅಲ್ಲ. 1927ರ ಅಕ್ಟೋಬರ್ 2ರಂದು ಸ್ಟಾಕ್‌ಹೋಮ್‌ನಲ್ಲಿ ಅವರು ನಿಧನರಾದರು. ಹುಟ್ಟೂರಿನ ನಂಟು ಬಿಡದೆ ಉಪ್ಸಾಲದಲ್ಲಿ ಅವರನ್ನು ಸಮಾಧಿ ಮಾಡಲಾಯಿತು.

ಮತ್ತೆ ಮೇಜಿಗೆ ಬಂದ ಲೆಕ್ಕ

ಅರೇನಿಯಸ್ ತೀರಿಕೊಂಡ ಹನ್ನೊಂದು ವರ್ಷಗಳ ಬಳಿಕ, 1938ರಲ್ಲಿ, ಇಂಗ್ಲೆಂಡಿನ ಉಗಿ ಎಂಜಿನಿಯರ್ ಗೈ ಕ್ಯಾಲೆಂಡರ್ ಜಗತ್ತಿನ ಹವಾಮಾನ ಕೇಂದ್ರಗಳ ಹಳೆಯ ದಾಖಲೆಗಳನ್ನು ಕೂಡಿಸಿ, ಭೂಮಿ ಬಿಸಿಯಾಗುತ್ತಿರುವುದು ನಿಜವೆಂದೂ ಇಂಧನ ಉರಿಸುವುದೇ ಅದಕ್ಕೆ ಕಾರಣವೆಂದೂ ವಾದಿಸಿದರು. 1958ರಲ್ಲಿ ಅಮೆರಿಕದ ಚಾರ್ಲ್ಸ್ ಕೀಲಿಂಗ್ ಹವಾಯಿಯ ಮೌನಾ ಲೋವಾ ಪರ್ವತದ ಮೇಲೆ ಇಂಗಾಲದ ಡೈ ಆಕ್ಸೈಡ್ ಅನ್ನು ನಿರಂತರವಾಗಿ ಅಳೆಯಲು ಆರಂಭಿಸಿದರು. ಕೀಲಿಂಗ್ ಕೆಲಸ ಮಾಡುತ್ತಿದ್ದ ಕ್ಯಾಲಿಫೋರ್ನಿಯಾದ ಸ್ಕ್ರಿಪ್ಸ್ ಸಾಗರವಿಜ್ಞಾನ ಸಂಸ್ಥೆಯಲ್ಲೇ ಅರೇನಿಯಸ್ ಅವರ ಮೊಮ್ಮಗ ಗುಸ್ತಾಫ್ ಅರೇನಿಯಸ್ ಕೂಡ ವಿಜ್ಞಾನಿಯಾಗಿದ್ದರು.

1967ರಲ್ಲಿ ಸ್ಯುಕುರೊ ಮನಾಬೆ ಮತ್ತು ರಿಚರ್ಡ್ ವೆದರಾಲ್ಡ್ ಗಣಕಯಂತ್ರದ ನೆರವಿನಿಂದ ಅದೇ ಹಳೆಯ ಪ್ರಶ್ನೆಗೆ ಉತ್ತರ ಹುಡುಕಿದರು. ಮನಾಬೆ ಅವರಿಗೆ 2021ರಲ್ಲಿ ಭೌತವಿಜ್ಞಾನದ ನೊಬೆಲ್ ಸಂದಿತು. ಇಂಗಾಲ ಎರಡು ಪಟ್ಟಾದರೆ ಏರಿಕೆ 2.5ರಿಂದ 4 ಡಿಗ್ರಿ, ಹೆಚ್ಚು ಸಂಭವನೀಯ ಅಂಕಿ 3 ಎಂದು ವಿಶ್ವಸಂಸ್ಥೆಯ ಹವಾಮಾನ ಬದಲಾವಣೆ ಕುರಿತ ಅಂತರ ಸರ್ಕಾರಿ ಸಮಿತಿ 2021ರ ವರದಿಯಲ್ಲಿ ಹೇಳಿದೆ. ಚಂದ್ರನ ಕಿರಣದ ದೋಷಪೂರಿತ ಅಳತೆಗಳನ್ನು ಹಿಡಿದು ಕೈಯಲ್ಲೇ ಲೆಕ್ಕ ಹಾಕಿದ ಅರೇನಿಯಸ್ ಅವರ ಪರಿಷ್ಕೃತ 4 ಡಿಗ್ರಿ ಈ ಮಿತಿಯ ಅಂಚಿನಲ್ಲೇ ಇದೆ. ಒಂದು ತಪ್ಪು ಮತ್ತೊಂದು ತಪ್ಪನ್ನು ಸರಿದೂಗಿಸಿದ ಅದೃಷ್ಟವೂ ಅದರಲ್ಲಿತ್ತು ಎಂಬುದನ್ನು ತಜ್ಞರು ಒಪ್ಪುತ್ತಾರೆ. ಅಂದಹಾಗೆ, 1988ರಲ್ಲಿ ರಚನೆಯಾದ ಈ ಸಮಿತಿಯ ಮೊದಲ ಅಧ್ಯಕ್ಷ ಬರ್ಟ್ ಬೋಲಿನ್, ಅರೇನಿಯಸ್ ಪಾಠ ಹೇಳಿದ್ದ ಸ್ಟಾಕ್‌ಹೋಮ್‌ನ ಅದೇ ವಿದ್ಯಾಸಂಸ್ಥೆಯ ಪ್ರಾಧ್ಯಾಪಕರಾಗಿದ್ದವರು.

ಡಿಗ್ರಿಯ ಲೆಕ್ಕ ಸರಿಹೋಯಿತು, ಕಾಲದ ಲೆಕ್ಕ ತಪ್ಪಿತು. ಅವರ ದಿನಗಳಲ್ಲಿ ಗಾಳಿಯ ಪ್ರತಿ ಹತ್ತು ಲಕ್ಷ ಭಾಗಗಳಲ್ಲಿ ಸುಮಾರು 295 ಭಾಗ ಇಂಗಾಲದ ಡೈ ಆಕ್ಸೈಡ್ ಇತ್ತು. 2024ರಲ್ಲಿ ಅದು 420 ದಾಟಿತ್ತು. 50 ಕೋಟಿ ಟನ್ ಇದ್ದ ಜಗತ್ತಿನ ವಾರ್ಷಿಕ ಕಲ್ಲಿದ್ದಲು ಬಳಕೆ ಈಗ 800 ಕೋಟಿ ಟನ್ನಿಗೂ ಹೆಚ್ಚು. ಅದರ ಜೊತೆಗೆ ಪೆಟ್ರೋಲ್, ಡೀಸೆಲ್, ನೈಸರ್ಗಿಕ ಅನಿಲ ಬಂದು ಸೇರಿವೆ. ಕೈಗಾರಿಕಾ ಯುಗಕ್ಕೆ ಮುಂಚಿನ ಸರಾಸರಿಗಿಂತ 2024ನೇ ವರ್ಷ ಸುಮಾರು 1.55 ಡಿಗ್ರಿ ಹೆಚ್ಚು ಬಿಸಿಯಾಗಿತ್ತು ಎಂದು ವಿಶ್ವ ಹವಾಮಾನ ಸಂಸ್ಥೆ ಪ್ರಕಟಿಸಿದೆ. ಸಾಗರಗಳು ಶಾಖದ ಬಹುಪಾಲನ್ನು ನುಂಗಿ ನಿಧಾನವಾಗಿ ಬಿಸಿಯಾಗುವುದರಿಂದ ಪೂರ್ಣ ಪರಿಣಾಮ ಇನ್ನೂ ಬಾಕಿ ಇದೆ.

ತವರಿನಲ್ಲೇ ಕರಗಿದ ಶಿಖರ

ಅರೇನಿಯಸ್ ಬಯಸಿದ ಬೆಚ್ಚನೆಯ ಹವೆ ಅವರ ತವರಿಗೆ ಬಂದಿದೆ. ಹೇಗೆ ಬಂದಿದೆ ಎಂಬುದನ್ನು ನೋಡಿ. 2018ರ ಬೇಸಿಗೆಯಲ್ಲಿ ಸ್ವೀಡನ್ನಿನ ಕಾಡುಗಳು ಹೊತ್ತಿ ಉರಿದವು. ಬೆಂಕಿ ಆರಿಸಲು ಇಟಲಿ, ಫ್ರಾನ್ಸ್ ಮೊದಲಾದ ದೇಶಗಳ ವಿಮಾನಗಳು ಧಾವಿಸಬೇಕಾಯಿತು. ದೇಶದ ಅತಿ ಎತ್ತರದ ಶಿಖರವೆಂದು ಹೆಸರಾಗಿದ್ದ ಕೆಬ್ನೆಕೈಸೆಯ ದಕ್ಷಿಣ ತುದಿಯ ಹಿಮದ ಟೋಪಿ ಕರಗಿ, 2019ರಲ್ಲಿ ಅದು ಪಕ್ಕದ ಉತ್ತರ ತುದಿಗಿಂತ ಕುಳ್ಳಾಯಿತು. 1979ರಿಂದ ಈಚೆಗೆ ಉತ್ತರ ಧ್ರುವ ಪ್ರದೇಶವು ಜಗತ್ತಿನ ಸರಾಸರಿಯ ಸುಮಾರು ನಾಲ್ಕು ಪಟ್ಟು ವೇಗದಲ್ಲಿ ಬಿಸಿಯಾಗಿದೆ ಎಂದು 2022ರ ಅಧ್ಯಯನ ತೋರಿಸಿದೆ. 1901ರಿಂದ 2018ರ ನಡುವೆ ಜಗತ್ತಿನ ಸರಾಸರಿ ಸಮುದ್ರ ಮಟ್ಟ ಸುಮಾರು 20 ಸೆಂಟಿಮೀಟರ್ ಏರಿದೆ.

ಪ್ರತಿಕ್ರಿಯೆಯ ಕಥೆಯೂ ಒಂದರ್ಥದಲ್ಲಿ ಅವರ ಊರಿನಿಂದಲೇ ಆರಂಭವಾಗುತ್ತದೆ. 1972ರ ಜೂನ್‌ನಲ್ಲಿ ವಿಶ್ವಸಂಸ್ಥೆಯ ಮೊದಲ ಪರಿಸರ ಸಮ್ಮೇಳನ ನಡೆದಿದ್ದು ಸ್ಟಾಕ್‌ಹೋಮ್‌ನಲ್ಲಿ. ಭಾರತದ ಪ್ರಧಾನಿ ಇಂದಿರಾ ಗಾಂಧಿ ಅಲ್ಲಿ ಭಾಷಣ ಮಾಡಿದ್ದರು. 1991ರಲ್ಲಿ ಸ್ವೀಡನ್ ಇಂಗಾಲದ ಮೇಲೆ ತೆರಿಗೆ ವಿಧಿಸಿದ ಮೊದಲ ಕೆಲವು ದೇಶಗಳ ಸಾಲಿಗೆ ಸೇರಿತು. 1992ರ ರಿಯೊ ಒಪ್ಪಂದ, 1997ರ ಕ್ಯೋಟೊ ಒಪ್ಪಂದ, 2015ರ ಪ್ಯಾರಿಸ್ ಒಪ್ಪಂದಗಳು ಒಂದರ ಹಿಂದೊಂದು ಬಂದವು. ಏರಿಕೆಯನ್ನು 2 ಡಿಗ್ರಿಗಿಂತ ಸಾಕಷ್ಟು ಕೆಳಗೆ ತಡೆಯುವುದು, ಸಾಧ್ಯವಾದರೆ 1.5 ಡಿಗ್ರಿಗೆ ನಿಲ್ಲಿಸಲು ಯತ್ನಿಸುವುದು ಪ್ಯಾರಿಸ್‌ನಲ್ಲಿ ಕೈಗೊಂಡ ಸಂಕಲ್ಪ. 2070ರ ವೇಳೆಗೆ ನಿವ್ವಳ ಹೊರಸೂಸುವಿಕೆಯನ್ನು ಶೂನ್ಯಕ್ಕೆ ತರುವುದಾಗಿ ಭಾರತ 2021ರ ಗ್ಲಾಸ್ಗೊ ಸಮಾವೇಶದಲ್ಲಿ ಘೋಷಿಸಿತು. ಸೌರ ಮತ್ತು ಪವನ ವಿದ್ಯುತ್ತಿನ ಬೆಲೆ ಗಣನೀಯವಾಗಿ ಇಳಿದಿದೆ. ಆದರೂ ಜಗತ್ತಿನ ಒಟ್ಟು ಹೊರಸೂಸುವಿಕೆ 2024ರಲ್ಲಿಯೂ ಏರುತ್ತಲೇ ಇತ್ತು.

2018ರ ಆಗಸ್ಟ್‌ನಲ್ಲಿ ಸ್ಟಾಕ್‌ಹೋಮ್‌ನ ಸಂಸತ್ ಭವನದ ಮುಂದೆ ಶಾಲೆ ಬಿಟ್ಟು ಕುಳಿತ ಹದಿನೈದು ವರ್ಷದ ಬಾಲಕಿಯೊಬ್ಬಳು ಜಗತ್ತಿನ ಗಮನ ಸೆಳೆದದ್ದು ಓದುಗರಿಗೆ ನೆನಪಿರಬಹುದು. ಗ್ರೇಟಾ ಥನ್‌ಬರ್ಗ್ ಎಂಬ ಆ ಬಾಲಕಿ ಅರೇನಿಯಸ್ ಅವರ ದೂರದ ಸಂಬಂಧಿ ಎಂದು ಹೇಳಲಾಗುತ್ತದೆ. ಅವರ ತಾಯಿಯ ಮನೆತನದ ಹೆಸರೂ ಥನ್‌ಬರ್ಗ್. ಅರೇನಿಯಸ್ ಹಿಗ್ಗಿದ ಅದೇ ಲೆಕ್ಕವನ್ನು ಮುಂದಿಟ್ಟುಕೊಂಡು ಈ ಬಾಲಕಿ ಸರ್ಕಾರಗಳನ್ನು ಪ್ರಶ್ನಿಸಿದಳು.

ಅರೇನಿಯಸ್ ಅವರನ್ನು ಇಂದು ದೂರುವುದು ಸುಲಭ. ಆದರೆ ಅವರಿಗೆ ತಿಳಿಯದಿದ್ದ ಸಂಗತಿಯೊಂದಿತ್ತು. ಮುಂದಿನ ತಲೆಮಾರುಗಳು ಎಷ್ಟು ವೇಗವಾಗಿ, ಎಷ್ಟು ಇಂಧನ ಉರಿಸುತ್ತವೆ ಎಂಬುದು ಅದು. ಸಾವಿರಾರು ವರ್ಷ ಎಂದುಕೊಂಡಿದ್ದನ್ನು ಮನುಷ್ಯ ನೂರಮೂವತ್ತು ವರ್ಷದಲ್ಲೇ ಹೆಚ್ಚುಕಡಿಮೆ ಮಾಡಿ ಮುಗಿಸುತ್ತಾನೆಂದು ಯಾವ ಅಕ್ಷಾಂಶದ ಪಟ್ಟಿಯೂ ಅವರಿಗೆ ಹೇಳುವಂತಿರಲಿಲ್ಲ. ಆ ವೇಗ ನಮಗೆ ತಿಳಿದಿದೆ. ವರ್ಷ ವರ್ಷವೂ ಅದರ ಅಂಕಿ ಪತ್ರಿಕೆಗಳಲ್ಲಿ ಅಚ್ಚಾಗುತ್ತದೆ. ಹಾಗಾಗಿ ಗೊತ್ತಿರಲಿಲ್ಲ ಎಂಬ ಸಮಾಧಾನ ಅರೇನಿಯಸ್ ಅವರಿಗೆ ಸಲ್ಲಬಹುದು, ನಮಗೆ ಸಲ್ಲದು.